ಬೇಗಲ್ ಮಡಿ, ಚೀಸ್ ಮೈಲಿಗೆ

ಬೇಗಲ್ ಗೊತ್ತಲ್ವಾ? ಉದ್ದಿನವಡೆ ಥರ ನಡುವೆ ತೂತಿರುವ ಬ್ರೆಡ್ಡು. ಅಮೆರಿಕದ ಕಾಲೇಜು ಕ್ರೀಡೆಗಳನ್ನು ನಡೆಸುವ ಎನ್‌ಸಿಎಎ ಎಂಬ ಸಂಸ್ಥೆ ಇದೆ. ಕೆಲವು ವರ್ಷಗಳ ಹಿಂದಿನವರೆಗೂ ಅದರ ಕಟ್ಟಳೆ ಹೀಗಿತ್ತು: ಕಾಲೇಜು ತನ್ನ ಆಟಗಾರನಿಗೆ ಹಸಿವಾದಾಗ ಬೇಗಲ್ ಕೊಡಬಹುದು, ಮೇಲೆ ಕ್ರೀಮ್ ಚೀಸ್ ಸವರಿ ಕೊಟ್ಟರೆ ತಪ್ಪು. ಒಣಾ ಬೇಗಲ್ ತಿಂಡಿ, ಸವರಿದ್ದು ಊಟ. ಲೆಕ್ಕ ಮೀರಿ ಊಟ ಹಾಕಿದರೆ ಅದು ಆಟಕ್ಕೆ ಸಿಕ್ಕ ಪ್ರತಿಫಲ, ಪ್ರತಿಫಲ ಮುಟ್ಟಿದರೆ ಹುಡುಗ ಮೈಲಿಗೆ! ಆ ಹುಡುಗನ ಆಟ ನೋಡಲು ಕೆಲವು ಸ್ಟೇಡಿಯಂಗಳಲ್ಲಿ ಲಕ್ಷ ಜನ ಟಿಕೆಟ್ ಕೊಂಡು ಕೂತಿರುತ್ತಾರೆ. ಎಷ್ಟೋ ರಾಜ್ಯಗಳಲ್ಲಿ ಎಲ್ಲರಿಗಿಂತ ಜಾಸ್ತಿ ಸಂಬಳದ ಸರ್ಕಾರಿ ನೌಕರ ಗವರ್ನರ್ ಅಲ್ಲ, ಕಾಲೇಜಿನ ಕೋಚ್. ಅವನಿಗೆ ಮಾತ್ರ ಯಾವ ಮೈಲಿಗೆಯೂ ತಗಲುತ್ತಿರಲಿಲ್ಲ.

ಈ ಮಡಿಗೆ 'ಅಮೆಚೂರ್' ಎಂದು ಹೆಸರು. ಕಾಸಿಗೆ ಕೈಯೊಡ್ಡದೆ ಸುಮ್ನೆ ಖುಷಿಗೆ ಆಡುವವನು ಅಂತ. ಈ ಮಡಿಬಟ್ಟೆ ಹೊಲಿದದ್ದು ವಿಕ್ಟೋರಿಯಾ ಕಾಲದ ಇಂಗ್ಲೆಂಡಿನ ಸಾಹುಕಾರರು, ಅಂಟಿಸಿದ ಲೇಬಲ್ಲು ಪ್ರಾಚೀನ ಗ್ರೀಸಿನದು. ಗ್ರೀಕರೋ, ಅಥೆನ್ಸಿನ ಕೂಟದಲ್ಲಿ ಗೆದ್ದವನಿಗೆ ಗಡಿಗೆಗಟ್ಟಲೆ ಆಲಿವ್ ಎಣ್ಣೆ ಅಳೆದು ಕೊಡುತ್ತಿದ್ದರು. 'ಅಥ್ಲೀಟ್' ಎಂಬ ಪದದ ಬೇರಿನಲ್ಲೇ ಬಹುಮಾನ ಕೂತಿದೆ.

ಥೇಮ್ಸ್ ನದಿಯ ಹೆನ್ಲಿ ದೋಣಿ ಪಂದ್ಯದವರು ಇನ್ನೂ ಒಂದು ಹೆಜ್ಜೆ ಮುಂದೆ. ಹುಟ್ಟು ಹಾಕಿ ದುಡ್ಡು ತಗೊಂಡವರು ಬೇಡ ಅಂದಿದ್ದರೆ ಹೋಗಲಿ ಬಿಡಿ ಅನ್ನಬಹುದಿತ್ತು. ಮೆಕ್ಯಾನಿಕ್, ಕಸುಬುದಾರ, ಕೂಲಿಯವನು, ಬದುಕಿನಲ್ಲಿ ಯಾವತ್ತಾದರೂ ಕೈಕೆಲಸ ಮಾಡಿ ಸಂಬಳ ಎಣಿಸಿದವನು ಯಾರೂ ದೋಣಿ ಹತ್ತುವಂತಿಲ್ಲ ಅಂತ ಬರೆದಿಟ್ಟರು. ಫಿಲಡೆಲ್ಫಿಯಾದಿಂದ ಜಾನ್ ಕೆಲ್ಲಿ 1920ರಲ್ಲಿ ಅರ್ಜಿ ಹಾಕಿದ. ಇಟ್ಟಿಗೆ ಜೋಡಿಸುವ ಗಾರೆ ಕೆಲಸ ಮಾಡಿದ್ದವನು. ಅರ್ಜಿ ವಾಪಸ್. ಅದೇ ಬೇಸಿಗೆಯಲ್ಲಿ ಅವನು ಆಂಟ್‌ವರ್ಪ್ ಒಲಿಂಪಿಕ್ಸ್‌ಗೆ ಹೋಗಿ, ಆ ವರ್ಷ ಹೆನ್ಲಿಯಲ್ಲಿ ಗೆದ್ದಿದ್ದ ಜ್ಯಾಕ್ ಬೆರೆಸ್‌ಫರ್ಡ್‌ನನ್ನೇ ಹಿಂದೆ ಹಾಕಿ ಚಿನ್ನ ತಂದ. (ಮುಂದೆ ಮಗಳು ಗ್ರೇಸ್ ಕೆಲ್ಲಿ ಮೊನಾಕೋ ರಾಜನ ಕೈಹಿಡಿದಳು. ಗಾರೆಯವನಿಗೆ ಅರಮನೆಯ ಬೀಗತನವೇ ಸಿಕ್ಕಿತು.)

ಕ್ರಿಕೆಟ್ಟಿನಲ್ಲಿ ಪಂಕ್ತಿಭೇದ. 'ಜೆಂಟಲ್‌ಮೆನ್' ಅಂದರೆ ಕಾಸು ಮುಟ್ಟದವರು, 'ಪ್ಲೇಯರ್ಸ್' ಅಂದರೆ ಸಂಬಳದವರು. ಡ್ರೆಸ್ಸಿಂಗ್ ರೂಮ್ ಬೇರೆ, ಮೈದಾನಕ್ಕೆ ಇಳಿಯುವ ಗೇಟೂ ಬೇರೆ. ಸ್ಕೋರ್‌ಕಾರ್ಡಿನಲ್ಲಿ ಜೆಂಟಲ್‌ಮನ್‌ಗೆ ಇನಿಷಿಯಲ್ ಹೆಸರಿನ ಮುಂದೆ, ಪ್ಲೇಯರ್‌ಗೆ ಹೆಸರಿನ ಹಿಂದೆ. 1950ರಲ್ಲಿ ಲಾರ್ಡ್ಸ್‌ನಲ್ಲಿ ಟಿಟ್ಮಸ್ ಎಂಬ ಸಂಬಳದ ಆಟಗಾರನ ಬಗ್ಗೆ ಧ್ವನಿವರ್ಧಕ ಘೋಷಿಸಿತು: ಕಾರ್ಡಿನಲ್ಲಿ ತಪ್ಪಾಗಿದೆ, 'ಎಫ್.ಜೆ. ಟಿಟ್ಮಸ್' ಅಂತ ಇರುವುದನ್ನು 'ಟಿಟ್ಮಸ್, ಎಫ್.ಜೆ.' ಎಂದು ಓದಿಕೊಳ್ಳಿ! ಆಧಾರ್ ಕಾರ್ಡಿನಲ್ಲಿ ಇನಿಷಿಯಲ್ ಹಿಂದುಮುಂದಾಗಿ ಅಲೆದವರಿಗೆ ಈ ಸಂಕಟ ಅರ್ಥವಾದೀತು. ಇನ್ನು ಇಂಗ್ಲೆಂಡಿನ ಹೆಸರಾಂತ ಆಟಗಾರ ಡಬ್ಲ್ಯು.ಜಿ. ಗ್ರೇಸ್ ಅಪ್ಪಟ ಜೆಂಟಲ್‌ಮನ್, ಕಾಸು ಮುಟ್ಟದವನು. 1873ರ ಆಸ್ಟ್ರೇಲಿಯಾ ಪ್ರವಾಸಕ್ಕೆ ಅವನ ಕೈಸೇರಿದ್ದು 1,500 ಪೌಂಡ್. ಜೊತೆಗೆ ಹೋದ ಸಂಬಳದವರಿಗೆ ತಲಾ 170. ಈ ನಾಟಕಕ್ಕೆ ತೆರೆ ಬಿದ್ದಿದ್ದು 1962ರಲ್ಲಿ.

ನಗು ಬಾರದ ಕಥೆಯೂ ಒಂದಿದೆ. ಅಮೆರಿಕದ ಮೂಲನಿವಾಸಿ ಜಿಮ್ ಥೋರ್ಪ್ 1912ರ ಸ್ಟಾಕ್‌ಹೋಮ್ ಒಲಿಂಪಿಕ್ಸ್‌ನಲ್ಲಿ ಐದು ಆಟಗಳ ಪೆಂಟಾಥ್ಲಾನ್, ಹತ್ತು ಆಟಗಳ ಡೆಕಾಥ್ಲಾನ್ ಎರಡೂ ಗೆದ್ದ. ಅದಕ್ಕೂ ಮುಂಚೆ ಎರಡು ಬೇಸಿಗೆ ನಾರ್ತ್ ಕೆರೊಲಿನಾದಲ್ಲಿ ಚಿಲ್ಲರೆ ಕಾಸಿಗೆ ಬೇಸ್‌ಬಾಲ್ ಆಡಿದ್ದ. ಕಾಲೇಜು ಹುಡುಗರು ತುಂಬಾ ಜನ ಹಾಗೆ ಆಡುತ್ತಿದ್ದರು, ಆದರೆ ಸುಳ್ಳು ಹೆಸರಿನಲ್ಲಿ. ಥೋರ್ಪ್ ಪೆದ್ದ, ಸ್ವಂತ ಹೆಸರು ಹೇಳಿಕೊಂಡ. ದೂರು ಕೊಡಲು 30 ದಿನ ಗಡುವು ಎಂದು ಒಲಿಂಪಿಕ್ಸ್ ನಿಯಮದಲ್ಲೇ ಇತ್ತು. ಸುದ್ದಿ ಹೊರಬಂದದ್ದು ಆರು ತಿಂಗಳಾದ ಮೇಲೆ, 1913ರ ಜನವರಿಯಲ್ಲಿ. ಬೇಗಲ್ ಮೇಲಿನ ಚೀಸನ್ನು ಅಳೆಯುವ ಜನಕ್ಕೆ ತಿಂಗಳ ಲೆಕ್ಕ ಬರಲಿಲ್ಲ ನೋಡಿ, ಒಲಿಂಪಿಕ್ಸ್ ಸಮಿತಿಯವರು ಎರಡೂ ಪದಕ ಕಿತ್ತುಕೊಂಡರು.

ಥೋರ್ಪ್ 1953ರಲ್ಲಿ ತೀರಿಕೊಂಡ. 1983ರಲ್ಲಿ ಮಕ್ಕಳನ್ನು ಕರೆದು ಪದಕ ಕೊಟ್ಟರು. ಅಸಲಿ ಪದಕಗಳು ಯಾವತ್ತೋ ಕಳುವಾಗಿದ್ದವು, ಕೊಟ್ಟಿದ್ದು ಅಚ್ಚು ತೆಗೆದ ನಕಲು. ಅದೂ 'ಜಂಟಿ ವಿಜೇತ' ಅಂತ. ಇಲ್ಲಪ್ಪಾ, ಗೆದ್ದಿದ್ದು ನೀನೊಬ್ಬನೇ ಅಂತ ಒಲಿಂಪಿಕ್ಸ್ ಸಮಿತಿ ಒಪ್ಪಿಕೊಂಡಾಗ 2022ರ ಜುಲೈ.