ಮಾವನ ಪಾತ್ರ ಮಾಡಿದವರು ಯಾರು?

ಮೊನ್ನೆ ಅಮ್ಮ ಫೋನಿನಲ್ಲಿ, "ನಮ್ಮ ಧಾರಾವಾಹಿಯ ಮಾವನನ್ನು ಬದಲಾಯಿಸಿಬಿಟ್ಟರು ಕಣೋ" ಎಂದರು. ಇದುವರೆಗೆ ಮಾಡುತ್ತಿದ್ದವರು ಯಾರು ಎಂದು ಕೇಳಿದೆ. ರಾತ್ರಿ ಊಟದ ಹೊತ್ತಿಗೆ ವರ್ಷಗಟ್ಟಲೆ ನೋಡಿದ ಮುಖ. ಮನೆಯಲ್ಲಿ ಯಾರಿಗೂ ಹೆಸರು ಗೊತ್ತಿಲ್ಲ. ಪರದೆಯ ಕೆಳಗೆ 'ಇನ್ನು ಮುಂದೆ ಈ ಪಾತ್ರದಲ್ಲಿ' ಎಂದು ಹೊಸಬರ ಹೆಸರು ಬಂತಂತೆ. ಹೋದವರ ಹೆಸರು ಅಲ್ಲಿಯೂ ಇಲ್ಲ. ಹೊಸಬರು ಅದೇ ಶಾಲು ಹೊದ್ದು, ಅದೇ ಸೋಫಾದ ಮೇಲೆ ಕುಳಿತು ಸೊಸೆಯ ಕೈಯಿಂದ ಕಾಫಿ ಲೋಟ ತೆಗೆದುಕೊಂಡರಂತೆ. ಕೇಳಿ ಸಂಕಟವಾಯಿತು.

ನಾನಿರುವುದು ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ. 1960ರಿಂದ ಪ್ರಸಾರವಾಗುತ್ತಿರುವ 'ಕೊರೊನೇಷನ್ ಸ್ಟ್ರೀಟ್' ಧಾರಾವಾಹಿಯ ತವರು ಇದು. ಅದರಲ್ಲಿ ಪಬ್ಬಿನ ಕೌಂಟರಿನ ಹಿಂದೆ ನಿಲ್ಲುವ ಬೆಟ್ಟಿ ಎಂಬ ಪಾತ್ರವಿತ್ತು. ಬಿಯರ್ ತುಂಬಿಸಿ ಕೊಡುವುದು, ತಾನೇ ಮಾಡಿದ ಮಾಂಸ-ಆಲೂಗಡ್ಡೆಯ ಖಾದ್ಯವಾದ ಹಾಟ್‌ಪಾಟ್ ಬಡಿಸುವುದು, ಯಾರದೋ ಜಗಳ ಕೇಳಿ ಹುಬ್ಬೇರಿಸುವುದು: ಹೆಚ್ಚಿನ ದಿನ ಅಷ್ಟೇ ಕೆಲಸ. ಬೆಟ್ಟಿ ಡ್ರೈವರ್ ಎಂಬ ನಟಿ 1969ರಲ್ಲಿ ಆ ಪಾತ್ರಕ್ಕೆ ಬಂದರು. 2011ರಲ್ಲಿ, ತೊಂಬತ್ತೊಂದರ ವಯಸ್ಸಿನಲ್ಲಿ ತೀರಿಕೊಳ್ಳುವವರೆಗೂ ಅದು ಅವರದೇ ಆಗಿತ್ತು. ಆ ಜಾಗಕ್ಕೆ ಬೇರೊಬ್ಬರನ್ನು ತಂದು ನಿಲ್ಲಿಸಲಿಲ್ಲ. ಕಥೆಯಲ್ಲಿಯೂ ಬೆಟ್ಟಿ ಸತ್ತಳು, ಮರುವರ್ಷ ಅವಳ ಅಂತ್ಯಸಂಸ್ಕಾರವನ್ನೂ ತೋರಿಸಿದರು. ನಾಯಕಿಯಲ್ಲದವಳಿಗೆ ಈ ಮರ್ಯಾದೆ!

ನಮ್ಮಲ್ಲಿ ಮಾವ, ದೊಡ್ಡಪ್ಪ, ಮನೆಯಾಳುಗಳಾಗಿ ಬರುವವರಲ್ಲಿ ಎಷ್ಟೋ ಮಂದಿ ರಂಗಭೂಮಿಯಲ್ಲಿ ಪಳಗಿದವರು. ನಾಯಕಿ ಪುಟಗಟ್ಟಲೆ ಸಂಭಾಷಣೆ ಹೇಳುವಾಗ ಹಿಂದೆ ಸುಮ್ಮನೆ ನಿಂತು ಕೇಳಬೇಕು. ಕ್ಯಾಮೆರಾ ಒಂದೇ ಆಘಾತಕ್ಕೆ ಮೂರು ಸಲ ಮುಖದ ಹತ್ತಿರ ಬಂದರೂ ಮೂರು ಸಲವೂ ಕಣ್ಣು ತುಂಬಿರಬೇಕು. ಅದು ಸುಲಭದ ವಿದ್ಯೆಯಲ್ಲ. ನಾಯಕಿಯ ಅಳು ನಮಗೆ ನಾಟುವುದೇ ಅದನ್ನು ಕೇಳುತ್ತಿರುವವರ ಮುಖದಿಂದ. ಹೀಗಿದ್ದೂ ಹೆಚ್ಚಿನವರಿಗೆ ಸಂಭಾವನೆ ದಿನದ ಲೆಕ್ಕದಲ್ಲಿ. ಕಥೆ ತಿರುಗಿ ಪಾತ್ರ 'ಊರಿಗೆ ಹೋದರೆ' ಆ ತಿಂಗಳು ಮನೆಖರ್ಚಿಗೆ ಏನು ಮಾಡಬೇಕು?

ಇಲ್ಲಿಯೂ ಪಾತ್ರಧಾರಿಗಳನ್ನು ಬದಲಾಯಿಸುತ್ತಾರೆ, ಒಪ್ಪುತ್ತೇನೆ. 'ಈಸ್ಟ್‌ಎಂಡರ್ಸ್‌' ಧಾರಾವಾಹಿಯ ಬೆನ್ ಮಿಚೆಲ್ ಪಾತ್ರವನ್ನು ಹಲವರು ಮಾಡಿದ್ದಾರೆ. ಸಣ್ಣ ಪಾತ್ರಗಳ ನಟರಿಗೆ ಆಸರೆಯಾಗಿದ್ದ 'ಹೋಲ್ಬಿ ಸಿಟಿ' ಧಾರಾವಾಹಿ 2022ರಲ್ಲಿ ಮುಗಿಯಿತು, 'ಡಾಕ್ಟರ್ಸ್' 2024ರಲ್ಲಿ. ನಮ್ಮಲ್ಲಾದರೋ ದಿನನಿತ್ಯದ ಧಾರಾವಾಹಿಗಳಿಂದಲೇ ಎಷ್ಟೋ ರಂಗನಟರ ಒಲೆ ಉರಿಯುತ್ತಿದೆ. ವಾಹಿನಿಗಳು ವರ್ಷಕ್ಕೊಮ್ಮೆ ಅಪ್ಪ, ಅಮ್ಮ, ಅತ್ತೆಯ ಪಾತ್ರಗಳಿಗೂ ಪ್ರಶಸ್ತಿ ಕೊಡುತ್ತವೆ. 'ಮಾಯಾಮೃಗ', 'ಮುಕ್ತ' ನೋಡಿದವರಿಗೆ ಅವುಗಳ ಚಿಕ್ಕಪುಟ್ಟ ಪಾತ್ರಗಳೂ ಇಂದಿಗೂ ನೆನಪಿವೆ.

ಆದರೂ 'ಮುಂದಿನ ಸಂಚಿಕೆಯಲ್ಲಿ' ಎಂದು ನಾಳಿನ ತುಣುಕು ತೋರಿಸಲು ಸಮಯವಿರುವ ವಾಹಿನಿಗಳು, ಆ ದಿನ ಅಭಿನಯಿಸಿದ ಎಲ್ಲರ ಹೆಸರನ್ನೂ ಓದಲು ಸಿಗುವಷ್ಟು ಹೊತ್ತು ಹಾಕಲಿ. ಪಾತ್ರಧಾರಿ ಬದಲಾದ ದಿನ ಹೊಸಬರ ಹೆಸರಿನ ಮೇಲೆ, ಇದುವರೆಗೆ ಅಭಿನಯಿಸಿದವರು ಇಂಥವರು, ಅವರಿಗೆ ಕೃತಜ್ಞತೆ ಎಂದೂ ಒಂದು ಸಾಲು ಇರಲಿ.