ಆ ಗೆರೆ ಕೆತ್ತಿದ್ದಲ್ಲ, ಉಳಿಸಿದ್ದು

ಕಲಾವಿದೆ ಜರೀನಾ ಹಾಶ್ಮಿ ಅವರ ‘ಡಿವೈಡಿಂಗ್ ಲೈನ್’ (2001) ಭಾರತ-ಪಾಕಿಸ್ತಾನ ಗಡಿಯನ್ನು ತೋರಿಸುವ ಮರದಚ್ಚಿನ ಚಿತ್ರ, ಅಂದರೆ ಕೆತ್ತಿದ ಮರದ ಹಲಗೆಗೆ ಶಾಯಿ ಹಚ್ಚಿ ಹಾಳೆಗೆ ಒತ್ತಿದ್ದು. ಅದರ ಕುರಿತು ‘ಒಂದೇ ಗೆರೆ ಕೆತ್ತಿ ವಿಭಜನೆಯ ನೋವನ್ನು ಹೇಳಿದ್ದಾರೆ’ ಎಂದು ಲೇಖನವೊಂದು ಹೇಳುತ್ತದೆ. ಇದನ್ನು ಒಪ್ಪಲಾಗದು. ಮರದಚ್ಚಿನಲ್ಲಿ ಶಾಯಿ ಹಿಡಿಯುವುದು ಕೆತ್ತದೆ ಬಿಟ್ಟ ಭಾಗ. ಗೆರೆ ಕೆತ್ತಿದ್ದರೆ ಕಪ್ಪು ಹಾಳೆಯ ಮೇಲೆ ಬಿಳಿ ಗೆರೆ ಬರುತ್ತಿತ್ತು. ಇಲ್ಲಿರುವುದು ಕಪ್ಪು ಗೆರೆ. ಅಂದರೆ ಗಡಿಯ ಎರಡೂ ಬದಿಯ ನೆಲವನ್ನೇ ಉಳಿಯಿಂದ ತೆಗೆದು, ಗಡಿಯೊಂದನ್ನೇ ನಿಲ್ಲಿಸಿದ್ದಾರೆ. ಅರ್ಥವೇ ಬದಲಾಗುತ್ತದಲ್ಲ!

ಇದು ಸುಲಭದ ಕೆಲಸವೂ ಅಲ್ಲ. ಅಂಕುಡೊಂಕಾದ ಸಣ್ಣ ಗೆರೆ ಮರದ ಎಳೆಗೆ ಅಡ್ಡವಾಗಿ ಸಾಗುವ ಕಡೆ ಚಕ್ಕೆಯೆದ್ದು ಮುರಿಯುತ್ತದೆ. ಅದಕ್ಕೇ ಮೊದಲು ಗೆರೆಯ ಅಂಚನ್ನು ಚಾಕುವಿನಿಂದ ಹೊರಕ್ಕೆ ಇಳಿಜಾರಾಗಿ ಕೊಯ್ದು, ಬುಡ ಅಗಲವಾಗಿಟ್ಟು, ಆಮೇಲೆ ಸುತ್ತಲಿನ ಮರ ತೆಗೆಯಬೇಕು. ನೇರವಾಗಿ ಕೊಯ್ದರೆ ಒತ್ತುವಾಗ ಬುಡ ಕುಸಿಯುತ್ತದೆ. ಅಚ್ಚಿನಲ್ಲಿ ಪೂರ್ವ ಪಶ್ಚಿಮ ಅದಲುಬದಲಾಗುವುದರಿಂದ ನಕ್ಷೆಯನ್ನು ಮಗುಚಿಯೇ ಮರಕ್ಕೆ ಇಳಿಸಬೇಕು.

ಗೆರೆಯ ಸುತ್ತ ಕಾಣುವ ಚುಕ್ಕೆಗಳನ್ನು ಲೇಖನ ‘ಕಲೆಗಳು’ ಎಂದಿದೆ; ಅವು ದೋಷವಲ್ಲ. ಉಳಿಯ ಎರಡು ಏಟಿನ ನಡುವೆ ಉಳಿದ ಏಣುಗಳಿಗೆ ಶಾಯಿ ತಾಗಿದ ಗುರುತು ಅವು. ಇನ್ನಷ್ಟು ಆಳಕ್ಕೆ ತೆಗೆದಿದ್ದರೆ ಹಾಳೆ ಅಚ್ಚಬಿಳಿ ಆಗುತ್ತಿತ್ತು. ಹಾಗೆ ಮಾಡಿಲ್ಲ; ಅಳಿಸಿದ ನೆಲದ ಗುರುತು ಅಲ್ಲೇ ಇದೆ.