ಬೂಷ್ಟಿಗೆ ಯಾರು ಅನುಮತಿ ಕೊಟ್ಟರು?

ವಾರದಿಂದ ಬ್ಯಾಗಿನ ತಳದಲ್ಲೇ ಉಳಿದಿದ್ದ ಊಟದ ಡಬ್ಬಿ ನಿನ್ನೆ ಸಿಕ್ಕಿತು. ಮೂಗು ಮುಚ್ಚಿಕೊಂಡು ಮುಚ್ಚಳ ತೆಗೆದೆ. ಒಳಗೆ ಬೆಕ್ಕಿನ ಮರಿಯ ಮೈಯಂಥ ಬೂದು ತುಪ್ಪಳ, ನಡುವೆ ಹಸಿರು, ಅಂಚಿನಲ್ಲಿ ಯಾಕೋ ಒಂಚೂರು ಕೇಸರಿ. ಬೆಳಕಿಲ್ಲ, ಕೇಳುವವರಿಲ್ಲ, ಆದರೂ ಏನು ಸಂಭ್ರಮ! ದಿನಾ ನೀರು ಹಾಕಿ, ಬಿಸಿಲಿಗೆ ತಿರುಗಿಸಿಟ್ಟು, ಮಾತೂ ಆಡಿಸುತ್ತಿದ್ದ ಕುಂಡದ ಗಿಡ ಮಾತ್ರ ಹೋದ ತಿಂಗಳು ಸತ್ತಿತು.

ಸುಮಾರು 1,380 ಕೋಟಿ ವರ್ಷದ ಈ ವಿಶ್ವ ಬಹುಪಾಲು ಖಾಲಿ. ಆ ಖಾಲಿಯಲ್ಲಿ ಮೈನಸ್ 270 ಡಿಗ್ರಿ ಚಳಿ. ಇಷ್ಟಾಗಿಯೂ ನನ್ನ ಡಬ್ಬಿಯಲ್ಲಿ ಸಂಸಾರ!

ಬೂಷ್ಟಿಗೂ ನನಗೂ ಇಂಗಾಲ ಬೇಕು. ಅದು ತಯಾರಾಗುವುದು ನಕ್ಷತ್ರದ ಹೊಟ್ಟೆಯಲ್ಲಿ, ಮೂರು ಹೀಲಿಯಂ ನ್ಯೂಕ್ಲಿಯಸ್‌ಗಳು, ಅಂದರೆ ಪರಮಾಣುವಿನ ನಡುವಿನ ತಿರುಳುಗಳು, ಸೇರಿ. ಮೊದಲು ಎರಡು ಸೇರಿ ಬೆರಿಲಿಯಂ ಆಗಬೇಕು. ಅದೋ, ಸೆಕೆಂಡಿನ ಕೋಟಿ ಕೋಟಿಯಲ್ಲಿ ಒಂದು ಪಾಲೂ ಬಾಳುವುದಿಲ್ಲ. ಅಷ್ಟರೊಳಗೆ ಮೂರನೆಯದು ಬಂದು ಅಂಟಿಕೊಳ್ಳಬೇಕು. ಹೀಗಾದರೆ ಇಷ್ಟೊಂದು ಇಂಗಾಲ ಎಲ್ಲಿಂದ ಬಂತು? 1953ರಲ್ಲಿ ಇಂಗ್ಲೆಂಡಿನ ಖಗೋಳವಿಜ್ಞಾನಿ ಫ್ರೆಡ್ ಹಾಯ್ಲ್ ಕ್ಯಾಲಿಫೋರ್ನಿಯಾದ ಪ್ರಯೋಗಾಲಯಕ್ಕೆ ಹೋಗಿ, ಆ ಮೂರನೆಯದು ಸುಲಭವಾಗಿ ಅಂಟಿಕೊಳ್ಳಲು ಇಂಗಾಲಕ್ಕೆ ಇಂಥಲ್ಲಿ ಒಂದು ಶಕ್ತಿಯ ಮೆಟ್ಟಿಲು ಇರಲೇಬೇಕು, ಹುಡುಕಿ ಅಂತ ಹಟ ಹಿಡಿದರು. ಕಾರಣ? ಇಷ್ಟೊಂದು ಇಂಗಾಲ ಇದೆಯಲ್ಲ! ಅಲ್ಲಿನ ಭೌತವಿಜ್ಞಾನಿ ವಿಲಿಯಂ ಫೌಲರ್‌ಗೆ ನಂಬಿಕೆ ಬರಲಿಲ್ಲ. ಆದರೂ ಅದೇ ಪ್ರಯೋಗಾಲಯದ ವಾರ್ಡ್ ವೇಲಿಂಗ್ ಮತ್ತು ಜೊತೆಯವರು ಅಳೆದು ನೋಡಿದರು. ಇತ್ತು. 7.65 ದಶಲಕ್ಷ ಎಲೆಕ್ಟ್ರಾನ್ ವೋಲ್ಟಿನ (ಪರಮಾಣು ಲೋಕದಲ್ಲಿ ಶಕ್ತಿಯ ಅಳತೆ) ಹತ್ತಿರ, ಹೆಚ್ಚುಕಡಿಮೆ ಹೇಳಿದ ಜಾಗದಲ್ಲೇ. ಮುಂದೆ 1983ರ ಭೌತವಿಜ್ಞಾನದ ನೊಬೆಲ್ ಫೌಲರ್‌ಗೂ ಭಾರತ ಮೂಲದ ಖಗೋಳವಿಜ್ಞಾನಿ ಚಂದ್ರಶೇಖರ್‌ಗೂ ಬಂತು, ಹಾಯ್ಲ್‌ಗೆ ಬರಲಿಲ್ಲ. ನನಗೆ ಈಗಲೂ ಸಿಟ್ಟಿದೆ. ನನ್ನನ್ನು ಯಾರೂ ಕೇಳಲಿಲ್ಲ, ಬಿಡಿ.

ಇದನ್ನೆಲ್ಲ ಅಕ್ಕನ ಮಗನಿಗೆ ಹೇಳಿದೆ. ಮೊಬೈಲಿನಿಂದ ತಲೆ ಎತ್ತದೆ, "ಹಾಗಿಲ್ದಿದ್ರೆ ಕೇಳೋಕೆ ನೀವೇ ಇರ್ತಿರ್ಲಿಲ್ಲ ಮಾಮ, ಅಷ್ಟೇ" ಅಂದ. ಬಿಸ್ಕತ್ತು ಯಾರು ತಿಂದರು ಅಂತ ಕೇಳಿದರೆ "ತಿನ್ನದಿದ್ರೆ ಪೊಟ್ಟಣ ಖಾಲಿ ಇರ್ತಿರ್ಲಿಲ್ಲ" ಅಂದ ಹಾಗಾಯ್ತು. ಮಾತು ಸರಿಯೇ. ತಿಂದವರು ಯಾರು? ಎಲ್ಲವೂ ನಮಗಾಗಿಯೇ ಇದೆ ಅಂತ ಕಣ್ಣು ಮುಚ್ಚಿ ನಗುವವರಂತೂ ಇನ್ನೂ ಜಾಸ್ತಿ ರೇಗಿಸುತ್ತಾರೆ. ಅವರಿಗೆ ಈ ಡಬ್ಬಿ ತೋರಿಸಬೇಕು. ಯಾರಿಗಾಗಿ ಅಂತ ಬೂಷ್ಟೇ ಹೇಳಲಿ.

ಡಬ್ಬಿಯನ್ನು ಬಿಸಿನೀರಲ್ಲಿ ನೆನೆಹಾಕಿ, ನನ್ನದೇ ಒಂದು ಉತ್ತರ ಹೊಳೆಯಬಹುದು ಅಂತ ಕೂತೆ. ಏನೋ ಹೊಳೆಯುತ್ತಿತ್ತು ಕೂಡ. ಅಷ್ಟರಲ್ಲಿ ನೆನಪಾಯಿತು. ಆ ಡಬ್ಬಿಗೆ ಜೋಡಿಯಾಗಿ ಇನ್ನೊಂದು ಚಿಕ್ಕ ಡಬ್ಬಿ ಇತ್ತಲ್ವಾ?